ಆಣೆ ಮುರಿದ ಗೆಳತಿ

(ಗುರುತು ಸಿಗದಂತೆ ವಿವರಗಳನ್ನು ಬದಲಿಸಲಾಗಿದೆ.)

ಆಪ್ತಸಲಹೆಗೆ ನಮ್ಮ ಬಳಿ ಮೊದಲು ಬಂದವಳು ಕಷ್ಟದಲ್ಲಿದ್ದ ಹುಡುಗಿಯಲ್ಲ, ಅವಳ ಹಾಸ್ಟೆಲ್ ಕೋಣೆಯ ಗೆಳತಿ. ಇಬ್ಬರಿಗೂ 17 ವರ್ಷ, ದ್ವಿತೀಯ ಪಿಯುಸಿ. ಆರು ತಿಂಗಳ ಹಿಂದೆ ತಂದೆ ತೀರಿಕೊಂಡ ಮೇಲೆ ಹುಡುಗಿ ಮೆಸ್‌ಗೆ ಹೋಗುವುದನ್ನೇ ಬಿಟ್ಟಿದ್ದಳು, ಹಾಜರಾತಿ ಶೇ. 75ರ ಅಂಚಿಗೆ ಬಂದಿತ್ತು. ಗೆಳತಿ ತಟ್ಟೆಯಲ್ಲಿ ಊಟ ತರುತ್ತಿದ್ದಳು, ಇಬ್ಬರ ನೋಟ್ಸೂ ಬರೆಯುತ್ತಿದ್ದಳು, ರಾತ್ರಿ ಎರಡರವರೆಗೆ ಕಾವಲಿರುತ್ತಿದ್ದಳು. ಮೂರು ವಾರದ ಹಿಂದೆ ಹುಡುಗಿ, "ಬದುಕೋದೇ ಬೇಡ ಅನ್ನಿಸ್ತಿದೆ. ಯಾರಿಗೂ ಹೇಳಲ್ಲ ಅಂತ ಆಣೆ ಮಾಡು ಕಣೇ" ಎಂದಿದ್ದಳು. ಗೆಳತಿ ಆಣೆ ಮಾಡಿದ್ದಳು. ಅಂದಿನಿಂದ ಅವಳಿಗೂ ನಿದ್ದೆಯಿಲ್ಲ.

ಗೆಳತಿಗೆ ಹೇಳಿದ್ದು: ಉಳಿದೆಲ್ಲ ಗುಟ್ಟುಗಳನ್ನು ಕಾಯಬಹುದು, ಸಾವಿನ ಮಾತನ್ನು ಕಾಯುವಂತಿಲ್ಲ. ಆದರೆ ಬೆನ್ನ ಹಿಂದೆ ಹೇಳಬೇಡ. "ನಿನ್ನ ಆಣೆ ಮುರೀತಿದ್ದೀನಿ, ಕೋಪ ಮಾಡ್ಕೋ ಪರವಾಗಿಲ್ಲ, ನಾನೂ ಜೊತೆಗೆ ಬರ್ತೀನಿ" ಎಂದು ಅವಳಿಗೇ ಹೇಳು. "ಸಾಯಬೇಕು ಅನ್ನಿಸ್ತಿದೆಯಾ? ಹೇಗೆ, ಯಾವಾಗ ಅಂತ ಯೋಚನೆ ಮಾಡಿದ್ದೀಯಾ?" ಎಂದು ನೇರವಾಗಿಯೇ ಕೇಳಬಹುದು. ಕೇಳಿದರೆ ಆ ಯೋಚನೆಯನ್ನು ನಾವೇ ತಲೆಗೆ ತುಂಬಿದಂತೆ ಎಂಬ ಹೆದರಿಕೆ ತಪ್ಪು. ಬಹುಪಾಲು ಮಕ್ಕಳಿಗೆ ಅದರಿಂದ ಎದೆ ಹಗುರಾಗುತ್ತದೆ. ಹೇಗೆಂದು ಯೋಚಿಸಿದ್ದೇನೆ ಎಂದರೆ ಒಂದು ನಿಮಿಷವೂ ಒಂಟಿಯಾಗಿ ಬಿಡಬಾರದು. ಕೂಡಲೇ ವಾರ್ಡನ್ನರನ್ನು ಕರೆಯಬೇಕು. 14416 ಟೆಲಿಮಾನಸ್ ಸಹಾಯವಾಣಿ ಹಗಲೂ ರಾತ್ರಿ ಉಚಿತ, ಕನ್ನಡದಲ್ಲೇ ಮಾತನಾಡಬಹುದು.

ಮರುದಿನ ಇಬ್ಬರೂ ಬಂದರು. ಖಿನ್ನತೆಯ ತೀವ್ರತೆ ಅಳೆಯುವ ಪಿಎಚ್‌ಕ್ಯೂ-9 ಪ್ರಶ್ನಾವಳಿಯಲ್ಲಿ ಹುಡುಗಿಗೆ 27ಕ್ಕೆ 16 ಬಂತು. ಅಪ್ಪ ಹೋದ ದುಃಖವೆಲ್ಲ ಕಾಯಿಲೆಯಲ್ಲ. ಆದರೆ 15 ದಾಟಿ, ಸಾವಿನ ಬಗೆಗಿನ ಒಂಬತ್ತನೆಯ ಪ್ರಶ್ನೆಗೂ ಅಂಕ ಬಿದ್ದಾಗ ಮಾತಷ್ಟೇ ಸಾಲದು, ಮನೋವೈದ್ಯರು ನೋಡಲೇಬೇಕು. ಯೋಚನೆ ಇತ್ತು, ಯೋಜನೆ ಇರಲಿಲ್ಲ. 18 ತುಂಬದ ಕಾರಣ ಚಿಕಿತ್ಸೆಗೆ ತಾಯಿಯ ಒಪ್ಪಿಗೆ ಬೇಕಿತ್ತು. ತಾಯಿಗೆ ಏನು ಹೇಳಬೇಕು, ಏನು ಬೇಡ ಎಂದು ಹುಡುಗಿಯ ಜೊತೆ ಕೂತು ಮೊದಲೇ ಗೊತ್ತು ಮಾಡಿಕೊಂಡೆವು. ಜೀವಕ್ಕೆ ಅಪಾಯವಿರುವ ಮಾತನ್ನು ಮಾತ್ರ ಬಿಡಲಿಲ್ಲ.

ಒಂದು ಕಾರ್ಡಿನಲ್ಲಿ ಸುರಕ್ಷಾ ಯೋಜನೆ ಬರೆಸಿದೆವು. ಅಪಾಯ ಹತ್ತಿರವಾಗುವ ಸೂಚನೆ ಅವಳೇ ಹೇಳಿದಳು: ಅಪ್ಪನ ಹಳೇ ವಾಯ್ಸ್ ಮೆಸೇಜ್‌ಗಳನ್ನು ರಾತ್ರಿ ಮತ್ತೆ ಮತ್ತೆ ಕೇಳುವುದು. ಆಗ ತಾನೊಬ್ಬಳೇ ಮಾಡಬಹುದಾದ್ದು, ಹೋಗಿ ಕೂರಬಹುದಾದ ಜಾಗ, ಫೋನ್ ಮಾಡಬಹುದಾದ ಇಬ್ಬರು, ಸಹಾಯವಾಣಿ, ಕೊನೆಗೆ ಕೋಣೆಯಿಂದ ತೆಗೆದಿಡಬೇಕಾದ ವಸ್ತುಗಳು. ಅವನ್ನು ವಾರ್ಡನ್ ತಮ್ಮ ಬಳಿ ಇಟ್ಟುಕೊಂಡರು.

ದಿನಚರಿಯಲ್ಲೇ ಎಡವುವುದು ಹೆಚ್ಚು. ಅವಳು ಬರೆದು ತಂದದ್ದು ಬೆಳಿಗ್ಗೆ ನಾಲ್ಕಕ್ಕೆ ಎದ್ದು ಎಂಟು ಗಂಟೆ ಓದುವ ಪಟ್ಟಿ. ಇಂಥದ್ದು ಮೂರನೇ ದಿನ ಮುರಿಯುತ್ತದೆ, 'ನನ್ನಿಂದ ಇಷ್ಟೂ ಆಗಲಿಲ್ಲ' ಎಂಬ ಕೊರಗು ಮೇಲೆ ಬೀಳುತ್ತದೆ. ಬದಲಿಗೆ ಮೊದಲ ವಾರ ಮೂರೇ ಕೆಲಸ: ಸ್ನಾನ, ಒಂದು ಹೊತ್ತಿನ ಊಟ ಮೆಸ್‌ನಲ್ಲೇ, ಹತ್ತು ನಿಮಿಷ ನಡಿಗೆ. ಮನಸ್ಸು ಬಂದ ಮೇಲೆ ಮಾಡುತ್ತೇನೆ ಎಂದು ಕಾಯಬಾರದು. ಖಿನ್ನತೆಯಲ್ಲಿ ಕೆಲಸ ಮೊದಲು, ಮನಸ್ಸು ಹಿಂದಿನಿಂದ ಬರುತ್ತದೆ. ಓದು ಎರಡನೇ ವಾರದಿಂದ, 25 ನಿಮಿಷ.

ಗೆಳತಿಯ ಪಾಲನ್ನೂ ಅಳೆದು ಕೊಟ್ಟೆವು. ರಾತ್ರಿ 9ರಿಂದ 9.30, ಅಷ್ಟೇ. ತಟ್ಟೆ ತರುವುದು ಬೇಡ, ಜೊತೆಯಲ್ಲಿ ನಡೆದು ಮೆಸ್‌ಗೆ ಹೋಗುವುದು. ರಾತ್ರಿಯ ಕಾವಲು ವಾರ್ಡನ್ನರಿಗೆ, ಭಾನುವಾರದ ಫೋನ್ ಚಿಕ್ಕಮ್ಮನಿಗೆ. "ನಾನು ಮಲಗಿದರೆ ಅವಳಿಗೇನಾದರೂ ಆದರೆ?" ಎಂದು ಗೆಳತಿ ಅತ್ತಳು. ಅವಳಿಗೂ ಎರಡು ಪ್ರತ್ಯೇಕ ಭೇಟಿ ಇಟ್ಟೆವು. ಹೊತ್ತವಳ ಬೆನ್ನನ್ನೂ ಯಾರಾದರೂ ನೋಡಬೇಕಲ್ಲ.

ತನ್ನ ಕಥೆ ಬರೆಯಬೇಕೆಂದು ಹುಡುಗಿ ಕೇಳಿದ್ದು ಐದನೇ ವಾರ. ದಿನಕ್ಕೆ 15 ನಿಮಿಷ, ಸತತ ನಾಲ್ಕು ದಿನ, ಸಂಜೆಯ ಹೊತ್ತಿನಲ್ಲಿ ಎಂದೆವು. ಮಲಗುವ ಮುನ್ನ ಬೇಡ. ಬರೆದ ಕೂಡಲೇ ಮನಸ್ಸು ಭಾರವಾಗುವುದು ಸಹಜ, ಒಂದೆರಡು ಗಂಟೆಯಲ್ಲಿ ಇಳಿಯಬೇಕು. ಮರುದಿನವೂ ಇಳಿಯದಿದ್ದರೆ ನಿಲ್ಲಿಸಿ ನಮಗೆ ತಿಳಿಸಬೇಕು. ಇನ್‌ಸ್ಟಾಗ್ರಾಂಗೆ ಸದ್ಯಕ್ಕೆ ಬೇಡ: ಗಾಯ ಹಸಿಯಿರುವಾಗ ಬರುವ ಒಂದು ಒರಟು ಕಾಮೆಂಟ್ ವಾರಗಳ ಕೆಲಸವನ್ನು ಕೆಡಿಸುತ್ತದೆ. ಗೆಳತಿಯ ಬಗ್ಗೆ ಬರೆದದ್ದನ್ನು ಅವಳ ಒಪ್ಪಿಗೆಯಿಲ್ಲದೆ ಯಾರಿಗೂ ತೋರಿಸುವಂತಿಲ್ಲ.

ಎಂಟನೇ ವಾರ ಹುಡುಗಿಯ ಪಿಎಚ್‌ಕ್ಯೂ-9 ಅಂಕ 8ಕ್ಕೆ ಇಳಿದಿತ್ತು. ಮನೋವೈದ್ಯರು ಕೊಟ್ಟ ಮಾತ್ರೆ ಮುಂದುವರಿದಿದೆ, ಚೆನ್ನಾಗಿದ್ದೇನೆ ಎಂದು ತಾನಾಗಿ ನಿಲ್ಲಿಸಬಾರದೆಂದು ತಾಯಿಗೂ ಹೇಳಿದ್ದೇವೆ. ಮುಂದಿನ ಭೇಟಿ ತಂದೆಯ ವರ್ಷಾಬ್ದಿಕದ ಹಿಂದಿನ ವಾರಕ್ಕೆ ಗೊತ್ತಾಗಿದೆ.