ಜೋಹೋರ್‌ನಲ್ಲಿ ರೂಮು, ಸಿಂಗಪುರದಲ್ಲಿ ಕೆಲಸ: ಏಜೆಂಟ್ ಹೇಳುವ ಲೆಕ್ಕ ನಿಜವಾ?

ನಿಮ್ಮ ಪ್ರಶ್ನೆ ಇಷ್ಟು. ಮಾಲೂರಿನವರು, ಐಟಿಐ ಮುಗಿಸಿ ವೆಲ್ಡರ್ ಆಗಿದ್ದೀರಿ, ಈಗ ನರಸಾಪುರದ ಕಡೆ ಕಾಂಟ್ರಾಕ್ಟ್ ಕೆಲಸ. ಏಜೆಂಟ್ ಒಬ್ಬರು ಬಂದು, "ಮಲೇಷ್ಯಾದ ಜೋಹೋರ್ ಬಾರುದಲ್ಲಿ ರೂಮ್ ಮಾಡ್ಕೊಳ್ಳಿ, ದಿನಾ ಸಿಂಗಪುರಕ್ಕೆ ಹೋಗಿ ಬನ್ನಿ. ಸಂಬಳ ಸಿಂಗಪುರದ್ದು, ಖರ್ಚು ಮಲೇಷ್ಯಾದ್ದು" ಅಂದಿದ್ದಾರೆ. ಇದು ಆಗುತ್ತಾ ಅಂತ ಕೇಳಿದ್ದೀರಿ.

ಆಗುತ್ತೆ. ಮಲೇಷ್ಯಾ ಪಾಸ್‌ಪೋರ್ಟ್ ಇದ್ದವರಿಗೆ. ನಿಮಗಲ್ಲ.

ನಾನು ಬಂಗಾರಪೇಟೆ ಕಡೆಯವನು. ಸಿಂಗಪುರದ ಉತ್ತರ ತುದಿಯ ಒಂದು ಶಿಪ್‌ಯಾರ್ಡ್‌ನಲ್ಲಿ ಕೆಲವು ವರ್ಷ ವೆಲ್ಡಿಂಗ್ ಮಾಡಿ, ಕೊರೋನಾ ಗಲಾಟೆ ತಣ್ಣಗಾದ ಮೇಲೆ ವಾಪಸ್ ಬಂದೆ. ಹಡಗಿನ ಡೆಕ್ ಹತ್ತಿದರೆ ನೀರಿನ ಆಚೆ ಜೋಹೋರ್‌ನ ಕಟ್ಟಡಗಳು ಕಾಣುತ್ತಿದ್ದವು. ಅಲ್ಲಿಂದ ದಿನಾ ಬರುವವರ ಜೊತೆಗೇ ನಮ್ಮ ಕೆಲಸ.

ನನ್ನ ಗ್ಯಾಂಗ್‌ನಲ್ಲೇ ಒಬ್ಬರಿದ್ದರು, ಮಲೇಷ್ಯಾದ ತಮಿಳರು. ನಮ್ಮ ಕಡೆಯವರಿಗೆ ತಮಿಳು ಹೇಗೂ ಬರುತ್ತಲ್ಲ, ಹಾಗಾಗಿ ಸ್ನೇಹ ಆಯಿತು. ಬೆಳಗಿನ ಜಾವ ಮೂರೂವರೆಗೆ ಎದ್ದು ಬೈಕ್ ಹತ್ತುತ್ತಿದ್ದರು. ಪಾಸ್‌ಪೋರ್ಟು ಪ್ಲಾಸ್ಟಿಕ್ ಕವರಿನಲ್ಲಿ ಕುತ್ತಿಗೆಗೆ ನೇತಾಡುತ್ತಿತ್ತು, ಮಳೆ ಬಂದರೂ ನೆನೆಯಬಾರದು ಅಂತ. ಎರಡು ಕಡೆ ಇಮಿಗ್ರೇಷನ್ ದಾಟಿ, ಕೆಲಸಕ್ಕೆ ಒಂದು ಗಂಟೆ ಮೊದಲೇ ಯಾರ್ಡ್ ತಲುಪಿ, ಹೆಲ್ಮೆಟ್ ತಲೆಗಿಟ್ಟುಕೊಂಡು ಅಲ್ಲೇ ಮಲಗುತ್ತಿದ್ದರು. ಸಂಬಳದ ದಿನ ಮೊಬೈಲ್ ಕೈಯಿಂದ ಇಳಿಯುತ್ತಿರಲಿಲ್ಲ. ಸಿಂಗಪುರ ಡಾಲರ್‌ಗೆ ಸಿಗುವ ರಿಂಗಿಟ್ (ಮಲೇಷ್ಯಾದ ದುಡ್ಡು) ಇನ್ನೆರಡು ಪೈಸೆ ಏರಲಿ ಅಂತ ಕಾದು ಕಾದು ದುಡ್ಡು ಬದಲಾಯಿಸುತ್ತಿದ್ದರು.

ಈ ಒದ್ದಾಟ ಯಾಕೆ ಅಂದರೆ ರೇಟು ಹಾಗಿದೆ. 1965ರವರೆಗೆ ಸಿಂಗಪುರ ಮಲೇಷ್ಯಾದ ಒಳಗೇ ಇತ್ತು. ಬೇರೆ ಆದ ಮೇಲೂ 1973ರವರೆಗೆ ಎರಡೂ ಕಡೆಯ ನೋಟು ಒಂದಕ್ಕೊಂದು ಸಮ. ಈಗ ಒಂದು ಸಿಂಗಪುರ ಡಾಲರ್‌ಗೆ ಮೂರು ರಿಂಗಿಟ್‌ಗಿಂತ ಜಾಸ್ತಿ. ಮಲೇಷ್ಯಾದಲ್ಲಿ 2025ರಿಂದ ಕನಿಷ್ಠ ಸಂಬಳ ತಿಂಗಳಿಗೆ 1,700 ರಿಂಗಿಟ್. ಆಚೆ ದಡಕ್ಕೆ ಹೋಗಿ 2,000 ಡಾಲರ್ ದುಡಿದವನು ಈಚೆ ಬಂದರೆ ಕೈಯಲ್ಲಿ 6,000 ರಿಂಗಿಟ್ ಮೇಲೆ. ಮಧ್ಯೆ ಇರುವುದು ಒಂದು ಕಿಲೋಮೀಟರ್ ಉದ್ದದ ಹಳೇ ಸೇತುವೆ ರಸ್ತೆ, 1924ರಲ್ಲಿ ಉದ್ಘಾಟನೆ ಆದದ್ದು. ದಿನಕ್ಕೆ ಮೂರು ಲಕ್ಷಕ್ಕೂ ಹೆಚ್ಚು ಜನ ಆ ದಾರಿಯಲ್ಲಿ ಓಡಾಡುತ್ತಾರೆ. ಈಗ ಪಕ್ಕದಲ್ಲೇ 4 ಕಿಲೋಮೀಟರಿನ ರೈಲು ಮಾರ್ಗ ಕಟ್ಟಿದ್ದಾರೆ. ಗಂಟೆಗೆ ಒಂದೊಂದು ದಿಕ್ಕಿಗೆ 10,000 ಜನ ಹೋಗಬಹುದಂತೆ. ಏಜೆಂಟ್ ನಿಮಗೆ ಇದರ ವಿಡಿಯೋ ತೋರಿಸಿರಬೇಕು, ಅಲ್ವಾ? ರೈಲು ಬಂದರೆ ದಿನಾ ದಾಟುವ ಮಲೇಷ್ಯಾದವರ ನಿದ್ದೆ ಜಾಸ್ತಿ ಆಗುತ್ತೆ, ನಿಮ್ಮ ಕೆಲಸದ ಪರ್ಮಿಟ್ ಬದಲಾಗಲ್ಲ.

ನಮ್ಮ ಮಾರಿಕುಪ್ಪಂ ರೈಲು ನೆನಪಿಸಿಕೊಳ್ಳಿ. 2001ರಲ್ಲಿ ಗಣಿ ಮುಚ್ಚಿದ ಮೇಲೆ ಕೆಜಿಎಫ್ ಜನ ಕತ್ತಲಲ್ಲೇ ಎದ್ದು ಬೆಂಗಳೂರಿಗೆ ಹೋಗಿ ರಾತ್ರಿ ವಾಪಸ್ ಬರುತ್ತಾರೆ. ನೋಡಲು ಅದೇ ಬದುಕು. ಆದರೆ ವೈಟ್‌ಫೀಲ್ಡ್‌ನಲ್ಲಿ ಯಾರೂ ಪಾಸ್‌ಪೋರ್ಟ್ ಕೇಳಲ್ಲ, ಯಾರು ಬೇಕಾದರೂ ಇಳಿಯಬಹುದು. ಅದಕ್ಕೇ ಅಲ್ಲಿ ಇಳಿದ ಕೂಡಲೇ ಸಂಬಳ ಮೂರು ಪಟ್ಟು ಆಗಲ್ಲ. ಜೋಹೋರ್‌ನಲ್ಲಿ ಗೇಟ್ ಇದೆ, ಎಲ್ಲರನ್ನೂ ಬಿಡಲ್ಲ, ಹಾಗಾಗಿ ದಾಟುವವರಿಗೆ ಲಾಭ.

ಆ ಗೇಟಿನಲ್ಲಿ ನೀವು ಎಲ್ಲಿ ನಿಲ್ಲುತ್ತೀರಿ ಅನ್ನುವುದೇ ವಿಷಯ. ಸಿಂಗಪುರದಲ್ಲಿ ವರ್ಕ್ ಪರ್ಮಿಟ್ ಮೇಲೆ ಮಲೇಷ್ಯಾದವರು ಅಂಗಡಿ, ಹೋಟೆಲು, ಫ್ಯಾಕ್ಟರಿ ಎಲ್ಲಿ ಬೇಕಾದರೂ ಸೇರಬಹುದು. ಭಾರತದವರಿಗೆ ಮುಖ್ಯವಾಗಿ ಕಟ್ಟಡ ಕೆಲಸ, ಶಿಪ್‌ಯಾರ್ಡ್, ಪ್ರಾಸೆಸ್ ಪ್ಲಾಂಟ್ (ತೈಲ, ಕೆಮಿಕಲ್ ಕಾರ್ಖಾನೆ) ಅಷ್ಟೇ. ಇತ್ತೀಚೆಗೆ ಇಂಡಿಯನ್ ಹೋಟೆಲಿನ ಅಡುಗೆಯವರಂಥ ಕೆಲವರನ್ನು ಸೇರಿಸಿದ್ದಾರೆ. ಜೊತೆಗೆ, ನಮ್ಮಂಥವರಿಗೆ ಸಿಂಗಪುರದೊಳಗೇ ವಾಸದ ವ್ಯವಸ್ಥೆ ಮಾಡುವುದು ಕಂಪನಿಯ ಹೊಣೆ. ಅಂದರೆ ಡಾರ್ಮಿಟರಿ. ಜೋಹೋರ್‌ನಲ್ಲಿ ಮನೆ ಮಾಡಲು ಮಲೇಷ್ಯಾದ್ದೇ ಬೇರೆ ಪಾಸ್ ಬೇಕು. 2023ರ ಡಿಸೆಂಬರ್‌ನಿಂದ ನಮಗೆ ಅಲ್ಲಿ 30 ದಿನ ವೀಸಾ ಇಲ್ಲದೆ ಬಿಡುತ್ತಾರೆ, ನಿಜ. ಅದು ಊರು ನೋಡಲು. ಕೆಲಸಕ್ಕೂ ಅಲ್ಲ, ಬಿಡಾರ ಹೂಡಲೂ ಅಲ್ಲ. "ಮೊದಲು ವಿಸಿಟ್‌ನಲ್ಲಿ ಹೋಗಿ, ಆಮೇಲೆ ಪರ್ಮಿಟ್ ಮಾಡಿಸ್ತೀವಿ" ಅಂದರೆ ಟೀ ಕುಡಿದು ಎದ್ದು ಬನ್ನಿ.

ಗ್ಯಾಂಗ್‌ನ ಆ ಗೆಳೆಯರಿಗೂ ನನಗೂ ಒಂದೇ ಕೆಲಸ. ಅವರ ಸಂಬಳ ನನ್ನದರ ಎರಡು ಪಟ್ಟು. ಕೈಚಳಕದಲ್ಲಿ ಅಂಥ ವ್ಯತ್ಯಾಸ ಏನೂ ಇರಲಿಲ್ಲ, ಅವರೇ ಒಪ್ಪುತ್ತಿದ್ದರು. ಕಡಿಮೆ ಕೊಟ್ಟರೆ ಅವರು ನಾಳೆ ಇನ್ನೊಂದು ಕಡೆ ಸೇರುತ್ತಾರೆ, ಅದೂ ಬೇಡ ಅಂದರೆ ರಾತ್ರಿ ಮನೆಗೆ ಹೋಗಿ ಸುಮ್ನೆ ಇರುತ್ತಾರೆ. ನಾನು ಎಲ್ಲಿಗೆ ಹೋಗಲಿ?

ಹಾಗಂತ ಅವರದ್ದೇನು ಸುಖದ ಬದುಕಲ್ಲ. 2020ರ ಮಾರ್ಚ್ 18ರಂದು ಮಲೇಷ್ಯಾ ಗಡಿ ಮುಚ್ಚಿತು. ಹೇಳಿದ್ದು ಎರಡು ದಿನ ಮುಂಚೆ. ಬ್ಯಾಗ್ ಹಿಡಿದು ಓಡಿ ಬಂದವರು ಕೆಲವರು ಸಿಂಗಪುರದ ಕ್ರಾಂಜಿ ಮೆಟ್ರೋ ಸ್ಟೇಷನ್ ಹತ್ತಿರವೇ ಮಲಗಿದ್ದರು. ಮನೆ ಕಣ್ಣಿಗೆ ಕಾಣುವಷ್ಟು ದೂರ, ಆದರೆ ಹೋಗುವ ಹಾಗಿಲ್ಲ. ರಸ್ತೆ ದಾರಿ ಪೂರ್ತಿ ಮೊದಲಿನಂತೆ ತೆರೆದದ್ದು 2022ರ ಏಪ್ರಿಲ್ 1ಕ್ಕೆ. ನಾವು ಡಾರ್ಮಿಟರಿಯಲ್ಲಿ ಬೀಗ ಹಾಕಿಸಿಕೊಂಡು ಕೂತಿದ್ದ ಕತೆ ಬೇರೆ, ಅದನ್ನು ಇಲ್ಲಿ ಬರೆಯಲ್ಲ.

ಇನ್ನೊಂದು. ಜೋಹೋರ್‌ನವರು ಆಚೆ ಹೋದ ಮೇಲೆ ಅಲ್ಲಿನ ಫ್ಯಾಕ್ಟರಿ, ತಾಳೆ ತೋಟಗಳಲ್ಲಿ ಯಾರು ದುಡಿಯುತ್ತಾರೆ? ಬಾಂಗ್ಲಾ, ನೇಪಾಳ, ಇಂಡೋನೇಷ್ಯಾದವರು. ಏಜೆಂಟ್ ಬಹುಶಃ ನಿಮಗೆ ತೋರಿಸುತ್ತಿರುವುದು ಈ ಕುರ್ಚಿಯನ್ನೇ. 1,700 ರಿಂಗಿಟ್ ಅಂದರೆ ನಮ್ಮ ದುಡ್ಡಲ್ಲಿ 35ರಿಂದ 40 ಸಾವಿರದ ಆಸುಪಾಸು. ಪರ್ಮಿಟ್ ಆ ಒಬ್ಬ ಮಾಲೀಕನಿಗೇ ಕಟ್ಟಿಹಾಕಿರುತ್ತೆ. ಅಲ್ಲಿಂದ ಸಿಂಗಪುರಕ್ಕೆ "ಶಿಫ್ಟ್" ಅನ್ನುವುದು ಇಲ್ಲ.

ನೇರವಾಗಿ ಸಿಂಗಪುರಕ್ಕೇ ಹೋದರೆ? ನನ್ನ ಲೆಕ್ಕ ಹೇಳುತ್ತೇನೆ. ಬೇಸಿಕ್ ದಿನಕ್ಕೆ 24 ಡಾಲರ್, ತಿಂಗಳಿಗೆ ಆರುನೂರು ಚಿಲ್ಲರೆ. ಓವರ್‌ಟೈಮ್‌ಗೆ ಕಾನೂನು ಪ್ರಕಾರ ಒಂದೂವರೆ ಪಟ್ಟು, ತಿಂಗಳಿಗೆ 72 ಗಂಟೆ ಮಿತಿ. ಒಟಿ ಪೂರ್ತಿ ಸಿಕ್ಕ ತಿಂಗಳು 950 ಮೀರುತ್ತಿತ್ತು. ಊಟದ ಕ್ಯಾಟರಿಂಗು, ಫೋನು ಕಳೆದು 700 ಊರಿಗೆ ಕಳಿಸುತ್ತಿದ್ದೆ, ಆಗಿನ ರೇಟಿನಲ್ಲಿ 38 ಸಾವಿರ ಚಿಲ್ಲರೆ. ಒಟಿ ಇಲ್ಲದ ತಿಂಗಳು ಅದರ ಅರ್ಧ. ಈಗ ಡಾಲರ್ ರೇಟು ಏರಿದೆ, ಬೇಸಿಕ್ಕೂ ಸ್ವಲ್ಪ ಏರಿರಬಹುದು. ಏಜೆಂಟ್ ಹೇಳುವ ಮೊತ್ತದಲ್ಲಿ ಒಟಿ ಸೇರಿದೆಯಾ ಅಂತ ಮೊದಲು ಕೇಳಿ. ನನಗೆ ಅದು ತಕ್ಕಮಟ್ಟಿಗೆ ಲಾಭವೇ ಆಯಿತು, ಯಾಕೆಂದರೆ ಸಾಲ ಮಾಡಿ ಹೋಗಿರಲಿಲ್ಲ. ನಮ್ಮ ರೂಮಿನಲ್ಲಿ ಎರಡು ಮೂರು ಲಕ್ಷ ಕೊಟ್ಟು ಬಂದವರಿದ್ದರು. ಅವರ ಮೊದಲ ವರ್ಷ ಬಡ್ಡಿಗೇ ಹೋಯಿತು. ನಮ್ಮ ದೇಶದ ಕಾನೂನಿನಲ್ಲಿ ನೋಂದಾಯಿತ ಏಜೆಂಟ್ ತೆಗೆದುಕೊಳ್ಳಬಹುದಾದದ್ದು 30,000 ರೂಪಾಯಿ, ಮೇಲೆ ಜಿಎಸ್‌ಟಿ. ಭಾರತ ಸರ್ಕಾರದ ಇ-ಮೈಗ್ರೇಟ್ ವೆಬ್‌ಸೈಟಿನಲ್ಲಿ ಆ ಏಜೆಂಟ್ ಹೆಸರು ಇದೆಯಾ ನೋಡಿ.

ದುಡ್ಡು ಕೊಡುವ ಮುಂಚೆ ಐಪಿಎ ಕಾಗದ ಕೇಳಿ. ಸಿಂಗಪುರದ ಮಾನವಶಕ್ತಿ ಇಲಾಖೆ ಪರ್ಮಿಟ್‌ಗೆ ಮೊದಲು ಕೊಡುವ ಒಪ್ಪಿಗೆ ಪತ್ರ ಅದು. ಬೇಸಿಕ್ ಎಷ್ಟು, ಊಟಕ್ಕೆ, ರೂಮಿಗೆ ಎಷ್ಟು ಹಿಡಿಯುತ್ತಾರೆ, ಎಲ್ಲ ಅದರಲ್ಲಿ ಇರಬೇಕು. ಅಸಲಿಯೋ ನಕಲಿಯೋ ಇಲಾಖೆಯ ವೆಬ್‌ಸೈಟಿನಲ್ಲೇ ಗೊತ್ತಾಗುತ್ತೆ. ಕಾಗದ ಬಂದರೆ ನಿಮ್ಮ ಹೆಸರು, ಪಾಸ್‌ಪೋರ್ಟ್ ನಂಬರ್ ಮುಚ್ಚಿ ಫೋಟೋ ಹಾಕಿ. ಕಡಿತದ ಸಾಲುಗಳನ್ನು ನೋಡಿ ಹೇಳುತ್ತೇನೆ.