ಊರು ಹಳ್ಳಿ, ಹೈಸ್ಕೂಲು ಮಂಗಳೂರು: ಕೆಪಿಎಸ್‌ಸಿ ಅರ್ಜಿಯಲ್ಲಿ ಗ್ರಾಮೀಣ ಮೀಸಲಾತಿ ಕೇಳಬಹುದಾ?

ನಿಮ್ಮ ಪ್ರಶ್ನೆಯಲ್ಲಿರುವುದು ಇಷ್ಟು: ಮನೆ ದಕ್ಷಿಣ ಕನ್ನಡದ ಹಳ್ಳಿ ವಾಮದಪದವಿನಲ್ಲಿ, ಹಿಂದುಳಿದ ವರ್ಗದ ಪ್ರವರ್ಗ 2ಎ, ಏಳನೇವರೆಗೆ ಊರಿನ ಶಾಲೆ, ಎಂಟರಿಂದ ಮಂಗಳೂರು. ಗ್ರೂಪ್ ಸಿ ಅರ್ಜಿಯಲ್ಲಿ ಗ್ರಾಮೀಣಕ್ಕೆ ‘ಹೌದು’ ಒತ್ತಬಹುದಾ, ಬ್ಯಾಂಕ್ ಪರೀಕ್ಷೆಗೆ ಮಾಡಿಸಿದ ಒಬಿಸಿ ಸರ್ಟಿಫಿಕೇಟು ಸಾಕಾ? ಎರಡಕ್ಕೂ ಇಲ್ಲ ಎಂದೇ ಹೇಳಬೇಕು.

ಗ್ರಾಮೀಣ ಮೀಸಲಾತಿ ಶೇ. 25 ಉಂಟು. ಆದರೆ ಅದು ನೋಡುವುದು ಮನೆ ಎಲ್ಲಿದೆ ಅಂತ ಅಲ್ಲ, ಶಾಲೆ ಎಲ್ಲಿತ್ತು ಅಂತ. 1ರಿಂದ 10ನೇ ತರಗತಿಯವರೆಗೆ ಹತ್ತೂ ವರ್ಷ ಗ್ರಾಮೀಣ ಪ್ರದೇಶದ ಶಾಲೆಯಲ್ಲೇ ಓದಿರಬೇಕು. ದಿನಾ ಹಳ್ಳಿಯಿಂದಲೇ ಬಸ್ಸು ಹತ್ತಿ ಪೇಟೆಯ ಹೈಸ್ಕೂಲಿಗೆ ಹೋದವರು ನಮ್ಮ ಜಿಲ್ಲೆಗಳಲ್ಲಿ ಬಹಳ, ಅವರೆಲ್ಲ ತಪ್ಪುವುದು ಇಲ್ಲೇ. ಒಂದೇ ಒಂದು ವರ್ಷ ಪಾಲಿಕೆ ಗಡಿಯೊಳಗಿನ ಶಾಲೆ ಇದ್ದರೂ ಹೋಯಿತು. ಅರ್ಹತೆ ಇದ್ದವರಿಗೆ ಬೇಕಾದದ್ದು ನಮೂನೆ-2: ಮುಖ್ಯೋಪಾಧ್ಯಾಯರ ಸಹಿ, ಅದರ ಮೇಲೆ ಕ್ಷೇತ್ರ ಶಿಕ್ಷಣಾಧಿಕಾರಿಯ (ಬಿಇಒ) ಮೇಲುಸಹಿ. ಎರಡು ಶಾಲೆಯಲ್ಲಿ ಓದಿದ್ದರೆ ಎರಡೂ ಕಡೆಯಿಂದ ಬೇಕು. ಬಿಇಒ ಸಹಿ ಬಿಟ್ಟುಹೋದ ನಮೂನೆ-2 ಪರಿಶೀಲನೆಯಲ್ಲಿ ನಿಲ್ಲುವುದಿಲ್ಲ. ಸಾಮಾನ್ಯ ಅರ್ಹತೆಯವರು, ಅಂದರೆ ಜಾತಿ ಮೀಸಲಾತಿ ಇಲ್ಲದವರು, ಗ್ರಾಮೀಣ ಕೇಳುವುದಾದರೆ ಇದರ ಜೊತೆಗೆ ಮೇಲುಸ್ತರಕ್ಕೆ (ಕೆನೆಪದರಕ್ಕೆ) ಸೇರಿಲ್ಲ ಎಂಬ ನಮೂನೆ-1 ಬೇಕು, ಅದು ತಹಶೀಲ್ದಾರರಿಂದ.

ನಿಮಗೆ ಇನ್ನೊಂದು ದಾರಿ ಇರಬಹುದು. ಕನ್ನಡ ಮಾಧ್ಯಮಕ್ಕೆ ಶೇ. 5 ಉಂಟು, ಅದಕ್ಕೆ ಶಾಲೆ ಹಳ್ಳಿಯೋ ಪೇಟೆಯೋ ಲೆಕ್ಕಕ್ಕಿಲ್ಲ. ಮಂಗಳೂರಿನ ಹೈಸ್ಕೂಲೂ ಕನ್ನಡ ಮಾಧ್ಯಮವೇ ಆಗಿದ್ದರೆ ಇದನ್ನು ಬಿಡಬೇಡಿ. ಊರಿನ ಶಾಲೆ ಕನ್ನಡ, ಎಂಟರಿಂದ ಇಂಗ್ಲಿಷ್ ಆಗಿದ್ದರೆ ಇದೂ ಇಲ್ಲ.

ಈಗ ಜಾತಿ ಪ್ರಮಾಣಪತ್ರ. ಬ್ಯಾಂಕುಗಳೇ ಹುಟ್ಟಿದ ಊರು ಮಾರಾಯ್ರೆ, ಐಬಿಪಿಎಸ್‌ಗೆ ಮಾಡಿಸಿದ ಕೇಂದ್ರದ ಒಬಿಸಿ ಪತ್ರ ಮನೆಮನೆಯಲ್ಲಿ ಉಂಟು. ರಾಜ್ಯದ ಹುದ್ದೆಗೆ ಅದು ನಡೆಯುವುದಿಲ್ಲ. 2ಎ, 2ಬಿ, 3ಎ, 3ಬಿಯವರಿಗೆ ನಮೂನೆ-ಎಫ್, ಪ್ರವರ್ಗ-1ಕ್ಕೆ ನಮೂನೆ-ಇ, ಪರಿಶಿಷ್ಟ ಜಾತಿ, ಪಂಗಡಕ್ಕೆ ನಮೂನೆ-ಡಿ. ನಮೂನೆ-ಎಫ್‌ನಲ್ಲಿ ಆದಾಯವೂ ಸೇರಿರುವುದರಿಂದ ಅದರ ಆಯುಸ್ಸು ಐದೇ ವರ್ಷ. ಪಿಯುಸಿಯಲ್ಲಿ ಸಿಇಟಿಗೆ ಅಂತ ಮಾಡಿಸಿದ್ದು ಡಿಗ್ರಿ ಮುಗಿದು ಎರಡು ವರ್ಷವಾಗುವಾಗ ತೀರಿರುತ್ತದೆ, ಮತ್ತೆ ನಾಡಕಚೇರಿ ಹತ್ತಬೇಕು. ಅರ್ಜಿ ಕೊಟ್ಟ ದಿನವೇ ಸಿಗುವುದಿಲ್ಲ, ಗ್ರಾಮ ಆಡಳಿತಾಧಿಕಾರಿ ವಿಚಾರಣೆ ಆಗಬೇಕು. ಎರಡು-ಮೂರು ವಾರ ಕೈಯಲ್ಲಿಟ್ಟುಕೊಳ್ಳಿ.

ಇಷ್ಟು ಮೊದಲೇ ಮಾಡಿಸಬೇಕಾದದ್ದು ಯಾಕೆಂದರೆ, ಎಲ್ಲ ಪತ್ರಗಳೂ ಅರ್ಜಿಯ ಕೊನೆಯ ದಿನಕ್ಕೆ ಚಾಲ್ತಿಯಲ್ಲಿರಬೇಕು. ಮರುದಿನದ ತಾರೀಕಿನದ್ದು ತಂದರೆ ಮೀಸಲಾತಿ ರದ್ದಾಗಿ ನೀವು ಸಾಮಾನ್ಯ ಅರ್ಹತೆಗೆ ಬೀಳುತ್ತೀರಿ. ಅಂಕ ಇದ್ದವರು ಹೇಗೋ ಬಚಾವ್. ಆದರೆ ವಯೋಮಿತಿ ಸಾಮಾನ್ಯ ನಿಯಮದಂತೆ ಸಾಮಾನ್ಯ ಅರ್ಹತೆಯವರಿಗೆ 35, ಹಿಂದುಳಿದ ಪ್ರವರ್ಗಕ್ಕೆ 38, ಪ್ರವರ್ಗ-1 ಮತ್ತು ಪರಿಶಿಷ್ಟರಿಗೆ 40. ಅಂದರೆ ವಿಶೇಷ ಸಡಿಲಿಕೆ ಇಲ್ಲದಾಗ 36ರ 2ಎ ಅಭ್ಯರ್ಥಿಯ ನಮೂನೆ-ಎಫ್ ತೀರಿದ್ದರೆ ಅವರು ಪಟ್ಟಿಯಿಂದಲೇ ಹೊರಗೆ. ಅರ್ಜಿಯಲ್ಲಿ ಕೇಳದೆ ಬಿಟ್ಟ ಮೀಸಲಾತಿಯನ್ನು ಪರಿಶೀಲನೆಯ ದಿನ ಕೇಳಲಿಕ್ಕೂ ಆಗುವುದಿಲ್ಲ.

ಹೆಸರಿನ ಗೋಜಲು ನಮ್ಮಲ್ಲಿ ಸ್ವಲ್ಪ ಜಾಸ್ತಿ. ಎಸ್‌ಎಸ್‌ಎಲ್‌ಸಿಯಲ್ಲಿ ಬರೀ ‘ಪ್ರಜ್ವಲ್’, ಆಧಾರಿನಲ್ಲಿ ‘ಪ್ರಜ್ವಲ್ ಪೂಜಾರಿ’. ಅರ್ಜಿಯಲ್ಲಿ ಅಂಕಪಟ್ಟಿಯಲ್ಲಿದ್ದ ಹಾಗೆಯೇ ಬರೆಯಿರಿ. ತಿದ್ದುವುದಾದರೆ ಆಧಾರನ್ನೇ ತಿದ್ದಿಸಿ, ಅಂಕಪಟ್ಟಿಯ ತಂಟೆಗೆ ಹೋಗಬೇಡಿ. ಆಧಾರಿನಲ್ಲೂ ಹೆಸರು ಬದಲಿಸಲು ಇರುವುದು ಎರಡೇ ಅವಕಾಶ. ಹೊಸ ನಮೂನೆ-ಎಫ್ ಮಾಡಿಸುವಾಗಲೂ ಅದೇ ಹೆಸರು ಕೊಡಿ. ಅದರ ಮೇಲಿನ ‘ಆರ್‌ಡಿ’ಯಿಂದ ಶುರುವಾಗುವ ಸಂಖ್ಯೆಯನ್ನು ಅರ್ಜಿಯಲ್ಲಿ ತುಂಬುವಾಗ ನೋಡಿ ಟೈಪ್ ಮಾಡಿ, ನೆನಪಿನಿಂದ ಬೇಡ.

ಹುದ್ದೆ ಆಯ್ಕೆಯಲ್ಲಿ 371ಜೆ (ಸಂವಿಧಾನದ ವಿಧಿ) ಕಾಣಿಸಿದರೆ ಅದು ಕಲ್ಯಾಣ ಕರ್ನಾಟಕದವರಿಗೆ. ನೀವು ಉಳಿಕೆ ಮೂಲ ವೃಂದದ, ಅಂದರೆ ರಾಜ್ಯದ ಉಳಿದ ಭಾಗದ ಹುದ್ದೆಗೇ ಹಾಕಿ.

ಶುಲ್ಕ ಕೆಪಿಎಸ್‌ಸಿಯಲ್ಲಿ ಸಾಮಾನ್ಯರಿಗೆ 600, ನಿಮ್ಮ ಪ್ರವರ್ಗಕ್ಕೆ 300 ರೂಪಾಯಿ, ಪ್ರಕ್ರಿಯೆ ಶುಲ್ಕ ಬೇರೆ. ಖಾತೆಯಿಂದ ದುಡ್ಡು ಹೋದ ಎಸ್ಸೆಮ್ಮೆಸ್ ಬಂದ ಮಾತ್ರಕ್ಕೆ ಅರ್ಜಿ ಮುಗಿಯಲಿಲ್ಲ. ಮತ್ತೆ ಲಾಗಿನ್ ಆಗಿ, ಪಾವತಿ ಯಶಸ್ವಿ ಎಂದು ತೋರಿಸುವ ಪ್ರತಿಯನ್ನು ಪ್ರಿಂಟ್ ತೆಗೆದಿಡಿ. ಕೊನೆಯ ರಾತ್ರಿ ಸರ್ವರ್ ಕೈಕೊಟ್ಟಾಗ ಇದನ್ನು ನೋಡಲಿಕ್ಕೂ ಆಗುವುದಿಲ್ಲ, ಹಾಗಾಗಿ ಒಂದು ವಾರ ಮೊದಲೇ ಹಾಕಿ.