ರಿಟೈರ್‌ಮೆಂಟ್‌ಗೆ ದಿನ ಎಣಿಸ್ತಿರೋ, ಮುಂಬೈ ಹತ್ರದ ಡೊಂಬಿವಲಿಯವರಿಗೆ

ಸಾರ್, ಇನ್ನೂ ಮೂರು ವರ್ಷ ಸರ್ವಿಸ್ ಇದೆ, ಕ್ಯಾಲೆಂಡರ್ ನೋಡ್ತಾ ದಿನ ದೂಡ್ತಿದೀನಿ, ಇವತ್ತಿನ ದಿನ ರುಚಿಸ್ತಾನೇ ಇಲ್ಲ ಏನ್ಮಾಡ್ಲಿ ಅಂತ ಕೇಳಿದೀರಿ. ದುಡ್ಡಿನ ಚಿಂತೆ ತಲೇಲಿ ಕೊರೀತಿದ್ರೆ ಯಾರ ಉಪದೇಶಾನೂ ಕಿವಿಗೆ ಹೋಗಲ್ಲ, ಹಾಗಾಗಿ ಮೊದ್ಲು ಒಂದು ಭಾನುವಾರ ಮನೆಯವ್ರ ಜೊತೆ ಕೂತು ಪಿಎಫ್, ಗ್ರಾಚ್ಯುಟಿ ಲೆಕ್ಕ ಬರೆದಿಟ್ಬಿಡಿ. 60 ಆದ್ಮೇಲೆ ಪೋಸ್ಟ್ ಆಫೀಸಲ್ಲಿ ಸೀನಿಯರ್ ಸಿಟಿಜನ್ ಸ್ಕೀಮ್‌ಗೆ 30 ಲಕ್ಷದವರೆಗೂ ಹಾಕಬಹುದು, ಮೂರು ತಿಂಗಳಿಗೊಮ್ಮೆ ಬಡ್ಡಿ ಕೈಗೆ ಬರತ್ತೆ. ಆಮೇಲೆ ಆ ಫೈಲ್ ಮುಚ್ಚಿ, ದಿನಾ ತೆಗೀಬೇಡಿ.

ಆದ್ರೆ ನಾಟಕ, ಓದು, ಸಂಗೀತ ಎಲ್ಲಾ ರಿಟೈರ್ ಆದ್ಮೇಲೆ ಅಂತ ಎತ್ತಿಟ್ಟಿದೀರಲ್ಲ, ಅದು ನಂಗೆ ಸರಿ ಕಾಣ್ಲಿಲ್ಲ. ನಮ್ಮ ಬಿಲ್ಡಿಂಗಲ್ಲಿ ಒಬ್ರು ರಿಟೈರ್ ಆದ್ಮೇಲೂ ಅದೇ ಟೈಮಿಗೆ ಇಸ್ತ್ರಿ ಶರ್ಟ್ ಹಾಕ್ಕೊಂಡು, ಬ್ಯಾಗ್ ಎದೆ ಮುಂದೆ ನೇತಾಕ್ಕೊಂಡು ಸ್ಟೇಷನ್ ತನಕ ಹೋಗಿ, ಲೋಕಲ್ ಟ್ರೈನ್ ಹೋಗೋದನ್ನ ನೋಡಿ ವಾಪಸ್ ಬರ್ತಿದ್ರು, ಪಾಪ ಏನ್ ಮಾಡ್ಬೇಕು ಅಂತಾನೇ ತೋಚ್ತಿರ್ಲಿಲ್ಲ. ಅಭ್ಯಾಸ ಈಗಿಂದ್ಲೇ ಆಗ್ಬೇಕು ಸಾರ್. ಮಾಟುಂಗಾದಲ್ಲಿ ಕನ್ನಡಿಗರ ಮೈಸೂರ್ ಅಸೋಸಿಯೇಷನ್ 1926ರಿಂದ ಇದೆ, ಮಾಹಿಮ್ ಕಡೆ ಕರ್ನಾಟಕ ಸಂಘ ಇದೆ, ಏನು ಕಾರ್ಯಕ್ರಮ ಇದೆ ಅಂತ ಒಂದ್ಸಲ ವಿಚಾರಿಸಿ. ನಿಮ್ಮ ಫಾಸ್ಟ್ ಲೋಕಲ್ ಮಾಟುಂಗಾದಲ್ಲಿ ನಿಲ್ಲಲ್ಲ ಗೊತ್ತು, ದಾದರಲ್ಲಿ ಇಳಿದು ಸ್ಲೋ ಹಿಡೀರಿ, ಇಲ್ಲಾ ನಡ್ಕೊಂಡೇ ಹೋಗಿ. ಮನೆಯವ್ರನ್ನೂ ಕರ್ಕೊಂಡು ಹೋಗಿ, ಊಟ ಅಲ್ಲೇ ಕಿಂಗ್ಸ್ ಸರ್ಕಲ್ ಹತ್ರ ಎಲ್ಲಾದ್ರೂ ಮುಗಿಸ್ಬಹುದು.